ಹಾಡದೆ ಉಳಿದ ಮೂರು ಸಾಲು

ಟಿಂಗ್...

ಲಾಯದ ಕಡೆಯಿಂದ ವಾದ್ಯದ ತಂತಿ ಬಿಗಿಯುವ ಸದ್ದು. ಕೋಟೆಯೆಲ್ಲ ಮಲಗಿದ್ದ ಹೊತ್ತು. ಬ್ರೈದಾ ಎದ್ದು ಕುಳಿತಳು. ಸಿಕಾರ್ಟ್ ಬಂದಿದ್ದಾನೆ! ಮೂರು ತಿಂಗಳ ಮೇಲೆ.

ಅವಳು ಕೋಟೆಯೊಡೆಯನ ತಂಗಿ, ಹಾಡು ಕಟ್ಟುವವಳು. ಅವನು ಆ ಹಾಡುಗಳನ್ನು ಬಾಯಿಪಾಠ ಮಾಡಿಕೊಂಡು ಊರೂರಿನ ಸಭೆಗಳಲ್ಲಿ ಹಾಡುವ ಕೂಲಿ ಗಾಯಕ.

ದೀಪ ಹಿಡಿದು ಬಂದವಳನ್ನು ಕಂಡು ಅವನು ಎದ್ದು ನಿಂತ.

"ಅಮ್ಮಾವ್ರೇ, ಇನ್ನೂ ಮಲಗಿಲ್ವಾ?"

"ನಾರ್ಬೋನ್ ಊರಿನ ಸಭೇಲಿ ನನ್ನ ಹಾಡಿನ ಕೊನೇ ಮೂರು ಸಾಲು ಯಾಕೆ ನುಂಗಿದೆ?"

ಅವನು ವಾದ್ಯ ಕೆಳಗಿಟ್ಟ. ಅವಳೇ ಮುಂದುವರಿಸಿದಳು.

"ಅದನ್ನ ಕೇಳಿದ ಉಣ್ಣೆ ವ್ಯಾಪಾರಿ ಇಲ್ಲಿಗೆ ಬಂದು ಎಲ್ಲರೆದುರು ನಕ್ಕ. 'ಹಾಡೇನೋ ಚೆನ್ನಾಗಿತ್ತು, ಯಾರಿಗೆ ಅಂತಲೇ ತಿಳೀಲಿಲ್ಲ' ಅಂದ. ಬೆಳಗಾದ್ಮೇಲೆ ಹೊರಡು ನೀನು. ಬೇರೆ ಗಾಯಕನನ್ನ ನೋಡ್ಕೋತೀನಿ."

ಹಾಡು ಯಾರಿಗೆ ಸೇರಬೇಕೆಂದು ಹೇಳುವುದೇ ಆ ಕೊನೆಯ ಸಾಲುಗಳು. ಅವರ ಮುಖ ನೋಡಿಯೇ ಹಾಡಬೇಕು, ಅದು ಪದ್ಧತಿ. ಅವನಿಗೆ ನಾನು ಬೇಡ... ಅದಕ್ಕೇ ಬಿಟ್ಟಿದ್ದಾನೆ. ವ್ಯಾಪಾರಿ ಬಂದುಹೋದ ಹದಿನೈದು ದಿನದಿಂದ ಅವಳಿಗೆ ಅದೇ ಯೋಚನೆ.

"'ಕರಕಲು ಚೆಸ್ಟ್‌ನಟ್ ಬೀಜ ತಿಂದೂ ಹೊಗಳಿದವನಿಗೆ' ಅಂತ ಕಟ್ಟಿದ್ರಿ," ಸಿಕಾರ್ಟ್ ಮೆಲ್ಲಗೆ ಹೇಳಿದ. "ನೀವು ಸುಟ್ಟುಕೊಟ್ಟಿದ್ದನ್ನ ತಿಂದವನು ನಾನು. ತುಂಬಿದ ಸಭೇಲಿ ಯಾರ ಮುಖ ನೋಡ್ಲಿ? ಬೇರೆಯವರನ್ನ ನೋಡಿದ್ರೆ ಸುಳ್ಳು. ಯಾರನ್ನೂ ನೋಡದಿದ್ರೆ ಹಾಡೋನಿಗೇ ಕಟ್ಟಿದ್ದು ಅಂತ ಗೊತ್ತಾಗಿ ಸಿಕ್ಕಿಬೀಳ್ತೀವಿ. ನಿಮ್ಮಣ್ಣನಿಗೆ ತಿಳಿದ್ರೆ ನಿಮ್ಮನ್ನ ಸನ್ಯಾಸಿನಿಯರ ಮಠಕ್ಕೆ ಹಾಕ್ತಾರೆ."

ಅವಳ ಸಿಟ್ಟು ಜರ್ರನೆ ಇಳಿಯಿತು.

"ಅಯ್ಯೋ... ನಿನಗೆ ಗೊತ್ತಾಗ್ಲಿ ಅಂತ ಕಟ್ಟಿದೆ. ಸಭೆಯ ಯೋಚನೆಯೇ ಬರ್ಲಿಲ್ಲ!"

ಕುದುರೆಯ ನೀರಿನ ತೊಟ್ಟಿಯ ಬಳಿ ಅವನನ್ನು ಎಳೆದು ದೀಪ ಎತ್ತಿ ಹಿಡಿದಳು.

"ಈ ನೀರಲ್ಲಿ ನಿನ್ನ ಮುಖ ನೋಡ್ಕೊಂಡು ಹಾಡು. ಪದ್ಧತಿ ತಪ್ಪೋದು ಬೇಡ."

"ಕುದುರೆ ನೋಡ್ತಿದೆ, ಅಮ್ಮಾವ್ರೇ."

"ಅದು ಚಾಡಿ ಹೇಳಲ್ಲ. ಹಾಡು!"

ನೀರಿಗೆ ಬಾಗಿ, ಪಿಸುದನಿಯಲ್ಲಿ ಹಾಡಿದ. ಮೂರನೆಯ ಸಾಲಿಗೆ ಅವನ ಮುಖದ ಪಕ್ಕ ಅವಳ ಮುಖವೂ ಬಂತು.

"ಚೆಸ್ಟ್‌ನಟ್ ನಿಜವಾಗ್ಲೂ ಚೆನ್ನಾಗಿತ್ತಾ?"

"ಇದ್ದಿಲು ತಿಂದ ಹಾಗಿತ್ತು. ಆದ್ರೂ ನೀನು ಕೊಟ್ಟಿದ್ದಲ್ವಾ, ಬ್ರೈದಾ..."

ಮೊದಲ ಸಲ ಹೆಸರು ಹಿಡಿದು ಕರೆದಿದ್ದ.

"ಇನ್ಮೇಲೆ ಹಾಡು ಲೋಕಕ್ಕೆ," ಎಂದಳು. "ಕೊನೇ ಮೂರು ಸಾಲು ಇಲ್ಲಿ."

"ಪ್ರತಿ ಸಲ ಕುದುರೆ ಎದುರಿಗಾ?"

"ಹೂಂ, ಎದುರಿಗೇ."

ಬೆಳಗ್ಗೆ ಊಟದ ಮೇಜಿನ ಬಳಿ ಅಣ್ಣ ರೊಟ್ಟಿ ಮುರಿಯುತ್ತ ಕೇಳಿದ: "ಏನೇ, ನಿನ್ನ ಹಾಡಿಗೆ ಕೊನೆಯೇ ಇಲ್ವಂತೆ?"

"ಇನ್ನೂ ಕಟ್ಟಿಲ್ಲ, ಅಣ್ಣಾ."

ಬ್ರೈದಾಳನ್ನು ಎತ್ತಿ ಬೆಳೆಸಿದ ದಾದಿ ಪಕ್ಕದಲ್ಲೇ ನಿಂತು ಅವಳ ಮುಖವನ್ನೇ ನೋಡುತ್ತಿದ್ದಳು. ಇವಳಿಗೂ ಹೇಳುವುದಿಲ್ಲ ಎಂದುಕೊಂಡು ಬ್ರೈದಾ ರೊಟ್ಟಿ ತಿಂದಳು.