ಟೆರೇಸಿನ ಮೇಲಿನ ಗೌನು

ಮದುವೆಯಾಗದ ಬಾಡಿಗೆದಾರನ ತಂತಿಯ ಮೇಲೆ ಹೆಂಗಸಿನ ಗೌನು ಒಣಗುತ್ತಿದ್ದರೆ ಯಾರಿಗೆ ತಾನೇ ಅನುಮಾನ ಬಾರದು? ಅದೂ ಪಾದ ಮುಚ್ಚುವಷ್ಟು ಉದ್ದದ, ನೆರಿಗೆ ತುಂಬಿದ ಬೂದು ಗೌನು. ಬಸವೇಶ್ವರನಗರದ ತಮ್ಮ ಮನೆಯ ಟೆರೇಸಿಗೆ ಹಪ್ಪಳ ಒಣಹಾಕಲು ಬಂದ ಶಿವರಂಜನಿ ಹಪ್ಪಳ ಮರೆತು ಅದನ್ನೇ ನೋಡುತ್ತ ನಿಂತಳು.

ಕೆಳಗೆ ಬ್ಲೌಸ್ ಹೊಲಿಯುವ ಅಂಗಡಿ ನಡೆಸುವವಳು ಅವಳು. ಕಣ್ಣಲ್ಲೇ ಅಳತೆ ತೆಗೆದಳು. ಭುಜ ಅಗಲ, ತೋಳು ಉದ್ದ. ಯಾರೋ ಎತ್ತರದ, ಗಟ್ಟಿಮುಟ್ಟಾದ ಹೆಂಗಸು. ಹೊಟ್ಟೆ ಉರಿಯಿತು.

ಚನ್ನವೀರೇಶ್ ಮೇಲಿನ ಪೋರ್ಷನ್‌ಗೆ ಬಂದು ವರ್ಷವಾಗಿತ್ತು. ಹುಡುಗಿಯರು ಯಾರೂ ಮೇಲೆ ಹತ್ತಕೂಡದು ಎಂದು ಅಮ್ಮ ಜಯದೇವಿ ಮೊದಲೇ ಷರತ್ತು ಹಾಕಿದ್ದರು. ಅವನು ಮಾಡುವುದು ಡಾಕ್ಯುಮೆಂಟರಿ, ಅದೂ ಅಮೆರಿಕ ಇನ್ನೂ ಬ್ರಿಟಿಷರ ಕೈಯಲ್ಲಿದ್ದ ಕಾಲದ್ದು. ಪಕ್ಕದ ವಿಜಯನಗರದ ಆಚೆ ದಾರಿ ಗೊತ್ತಿಲ್ಲ, ಹಳೇ ಬಾಸ್ಟನ್‌ನ ಗಲ್ಲಿಗಳು ಮಾತ್ರ ಬಾಯಿಪಾಠ ಎಂದು ಅವಳು ರೇಗಿಸುತ್ತಿದ್ದಳು. ಅವನು ನಗುತ್ತ ಮೆಟ್ಟಿಲು ಹತ್ತಿ, ತಿರುವಿನಲ್ಲಿ ಒಮ್ಮೆ ನಿಂತು ನೋಡುತ್ತಿದ್ದ. ಆ ನೋಟಕ್ಕಾಗಿಯೇ ಅವಳು ಮಷೀನನ್ನು ಬಾಗಿಲ ಎದುರಿಗೆ ಎಳೆದುಕೊಂಡಿದ್ದಳು.

ಈಗ ಆ ನೋಟದ ಮೇಲೂ ನಂಬಿಕೆ ಹೋಯಿತು. ಬಾಗಿಲು ಹಾಕಿಕೊಂಡು ಏನು ಮಾಡುತ್ತೀರಿ ಎಂದರೆ ಶೂಟಿಂಗ್ ಎನ್ನುತ್ತಾನೆ. ಗೌನು ಯಾರದು ಎಂದರೆ ತಡಬಡಾಯಿಸಿ ಮಾತು ತಿರುಗಿಸುತ್ತಾನೆ. ಅಷ್ಟರಲ್ಲಿ ಗೌನು ಜಯದೇವಿಯವರ ಕಣ್ಣಿಗೂ ಬಿತ್ತು. ಭಾನುವಾರವೇ ಮನೆ ಖಾಲಿ ಮಾಡಿಸುತ್ತೇನೆ ಎಂದು ಅವರು ಕೂಗಾಡಿದರು.

ಶನಿವಾರ ಮಧ್ಯಾಹ್ನ ಶಿವರಂಜನಿಗೆ ತಡೆಯಲಾಗಲಿಲ್ಲ. ಹೋಗುವುದಾದರೆ ಹೋಗಲಿ, ಆದರೆ ಆ ಗೌನಿನವಳು ಯಾರೆಂದು ನೋಡಿಯೇ ಬಿಡಬೇಕು. ಮೇಲೆ ಹೋಗಿ ಬಾಗಿಲು ತಳ್ಳಿದಳು. ಕ್ಯಾಮೆರಾದ ಮುಂದೆ, ಬಾಗಿಲಿಗೆ ಬೆನ್ನು ಮಾಡಿ, ಗೌನು ತೊಟ್ಟವಳು ಚರಕದಲ್ಲಿ ನೂಲು ತೆಗೆಯುತ್ತ ಕೂತಿದ್ದಳು. ತಲೆಗೆ ಬಿಳಿ ಟೋಪಿ.

"ಯಾರ್ರೀ ನೀವು?" ಎಂದಳು.

ತಿರುಗಿದ ಮುಖಕ್ಕೆ ಮೀಸೆ ಇತ್ತು.

ಚನ್ನವೀರೇಶ್ ನಾಚಿ ನೀರಾದ. ಬ್ರಿಟಿಷರ ಬಟ್ಟೆ ಬೇಡವೆಂದು ಮನೆಯಲ್ಲೇ ನೂಲು ತೆಗೆದ ಅಮೆರಿಕದ ಹೆಂಗಸರ ಕಥೆಯಂತೆ ಅದು. ನಟಿಯನ್ನು ಕರೆಸಿದರೆ ಆಂಟಿಯ ಷರತ್ತು ಮುರಿದಂತಾಗುತ್ತದೆಂದು, ಮುಖ ಕಾಣದ ಶಾಟ್‌ಗಳಿಗೆ ತಾನೇ ಕೂರುತ್ತಿದ್ದನಂತೆ.

ಅವಳಿಗೆ ನಗು ಬಂತು. ಆದರೂ ಅನುಮಾನ ಪೂರ್ತಿ ಹೋಗಲಿಲ್ಲ. "ನನ್ನ ಹತ್ರ ಯಾಕೆ ಮುಚ್ಚಿಟ್ರಿ?"

"ನಿಮ್ಮ ಮುಂದೆ ಈ ಅವತಾರದಲ್ಲಿ ನಿಂತ್ಕೊಳೋಕೆ ಆಗತ್ತಾ?" ಎಂದ ಅವನು. ಆಮೇಲೆ ದನಿ ತಗ್ಗಿಸಿದ. "ಮನೆ ಬೇರೆ ಸಿಗತ್ತೆ ರಂಜನಿ. ಆದ್ರೆ ನಿಮ್ಮನ್ನ ದಿನಾ ನೋಡೋದು ತಪ್ಪೋಗತ್ತಲ್ಲ ಅಂತ ಭಯ. ನೀವಂದ್ರೆ ನಂಗೆ ಅಷ್ಟು ಇಷ್ಟ."

ಅವಳು ಅವನ ಕಣ್ಣನ್ನೇ ಸ್ವಲ್ಪ ಹೊತ್ತು ಪರೀಕ್ಷಿಸಿದಳು. ಸುಳ್ಳಿರಲಿಲ್ಲ.

"ಇದನ್ನ ಅಮ್ಮನ ಮುಂದೆ ಹೇಳ್ತೀರಾ?"

"ಹೇಳ್ತೀನಿ. ಬಟ್ಟೆ ಬದಲಾಯಿಸ್ಕೊಂಡು ಬಂದೆ."

ಶಿವರಂಜನಿ ಮೊದಲ ಸಲ ಅವನ ಕೈ ಹಿಡಿದಳು. "ಹಂಗೇ ಬನ್ನಿ. ಪ್ಯಾಂಟ್ ಹಾಕ್ಕೊಂಡು ಹೇಳಿದ್ರೆ ಅಮ್ಮ ನಂಬಲ್ಲ."