ಹೆಡ್‌ಫೋನ್ ಸಾಹೇಬ್ರಿಗೆ ಒಂದು ಮಾತು

ನಾನು ಮೊದಲ ಸಲ ಅವನ ಬೆನ್ನು ಮುಟ್ಟಿದಾಗ ಅವನು ಬೆಚ್ಚಿ ಒಂದು ಹೆಜ್ಜೆ ಮುಂದಕ್ಕೆ ಹಾರಿದ.

"ಅಯ್ಯೋ! ಇದೇನು ಕೈನಾ, ಐಸ್ ಗಡ್ಡೆನಾ?"

ನಾನು ಉತ್ತರ ಕೊಡುವಂತಿರಲಿಲ್ಲ. ಕೆಲಸದವರು ಸ್ಪರ್ಧಿಯ ಜೊತೆ ಒಂದು ಮಾತಾಡಿದರೂ ಸ್ಪರ್ಧಿ ಆಟದಿಂದ ಔಟ್, ಕೆಲಸದವರು ಕೆಲಸದಿಂದ ಔಟ್. ಕಪ್ಪು ಅಂಗಿ, ಕಪ್ಪು ಟೋಪಿ, ಅರ್ಧ ಮುಖ ಮುಚ್ಚುವ ಕಪ್ಪು ಮಾಸ್ಕ್ ಹಾಕಿಕೊಂಡು ಇದ್ದೂ ಇಲ್ಲದ ಹಾಗೆ ಓಡಾಡಬೇಕು. ಅವನ ಬೆಲ್ಟಿನ ಹಿಂಭಾಗಕ್ಕೆ ಸಿಕ್ಕಿಸಿದ್ದ ಮೈಕಿನ ಡಬ್ಬಿಯಿಂದ ಹಳೇ ಬ್ಯಾಟರಿ ತೆಗೆದು ಹೊಸದು ಹಾಕಿ ಮುಂದಿನವರ ಹತ್ತಿರ ಹೋದೆ.

ಅದೊಂದು ಟೀವಿ ಆಟ. ಐನೂರು ಜನ ಸ್ಪರ್ಧಿಗಳು, ಒಂದು ದೊಡ್ಡ ಗೋದಾಮು, ನಲವತ್ತು ದಿನ. ಕೊನೆಗೆ ಉಳಿದ ಒಬ್ಬರಿಗೆ ಹತ್ತು ಕೋಟಿ. ಗೋದಾಮಿಗೆ ಕಿಟಕಿ ಇರಲಿಲ್ಲ. ಇನ್ನೂರು ಲೈಟು, ಮುನ್ನೂರು ಕ್ಯಾಮೆರಾ ಇದ್ದವು. ಎಲ್ಲರ ಅಂಗಿಯ ಮೇಲೂ ಒಂದೊಂದು ನಂಬರ್. ಅವನದು ಇನ್ನೂರ ಎಂಬತ್ತೊಂದು. ನನಗೆ ಇವತ್ತಿಗೂ ಆ ನಂಬರ್ ಕೇಳಿದರೆ ತಿರುಗಿ ನೋಡುವಂತಾಗುತ್ತದೆ.

ನನ್ನದು ಸೌಂಡ್ ಕೆಲಸ. ಗೋದಾಮಿನ ಪಕ್ಕದ ತಗಡಿನ ಕ್ಯಾಬಿನ್ನಿನಲ್ಲಿ ಹೆಡ್‌ಫೋನ್ ಹಾಕಿಕೊಂಡು ಹನ್ನೆರಡು ಜನರ ಮೈಕ್ ಕೇಳುತ್ತಾ ಕೂರಬೇಕು. ಬ್ಯಾಟರಿ ಹಾಕುವವರು ಬೇರೆ, ಕೇಳುವವರು ಬೇರೆ ಅಂತ ಏರ್ಪಾಡು. ಆದರೆ ಬ್ಯಾಟರಿ ಹಾಕುತ್ತಿದ್ದ ಹುಡುಗಿ ಮೂರನೇ ದಿನವೇ ಹೇಳದೆ ಕೇಳದೆ ಗಂಟುಮೂಟೆ ಕಟ್ಟಿದಳು. ಎರಡೂ ಕೆಲಸ ನನ್ನ ತಲೆಗೆ ಬಂತು. ಅದು ಸ್ಪರ್ಧಿಗಳಿಗೆ ಗೊತ್ತಿರಲಿಲ್ಲ.

ಹನ್ನೊಂದು ವರ್ಷದಿಂದ ಬೇರೆಯವರ ಮಾತು ಕೇಳಿಯೇ ನಾನು ಹೊಟ್ಟೆ ಹೊರೆಯುತ್ತಿದ್ದೇನೆ. ಭಾನುವಾರ ಅಕ್ಕ ಫೋನ್ ಮಾಡುತ್ತಾಳೆ. ಅವಳ ಮಕ್ಕಳು, ಅವಳ ಅತ್ತೆ, ಅವಳ ಸೊಂಟನೋವು ಎಲ್ಲ ಮುಗಿದ ಮೇಲೆ, "ಸರಿ ಕಣೇ, ಒಲೆ ಮೇಲೆ ಇಟ್ಟಿದ್ದೀನಿ," ಅಂತ ಇಟ್ಟುಬಿಡುತ್ತಾಳೆ. ಕೆಟ್ಟವಳಲ್ಲ. ನಾನು ಕೇಳುವವಳು ಅಂತ ಚಿಕ್ಕಂದಿನಿಂದ ಮನೆಯಲ್ಲಿ ಎಲ್ಲರಿಗೂ ರೂಢಿಯಾಗಿಹೋಗಿದೆ.

ಐದನೇ ದಿನ ಕ್ಯಾಬಿನ್ನಿನಲ್ಲಿ ಕೂತಿದ್ದೆ. ಹೆಡ್‌ಫೋನಿನಲ್ಲಿ ಒಂದು ದನಿ, ಪಿಸುಮಾತಿಗಿಂತ ಸ್ವಲ್ಪ ಜೋರಾಗಿ:

"ಹೆಡ್‌ಫೋನ್ ಸಾಹೇಬ್ರೇ, ಕೇಳ್ತಿದ್ದೀರಾ?"

ಟೀ ಲೋಟ ಕೆಳಗಿಟ್ಟೆ.

"ಯಾರೋ ಒಬ್ರು ಕೇಳ್ತಿರ್ತಾರೆ ಅಂತ ಅಂದ್ರಪ್ಪ. ಪಾಪ, ದಿನವೆಲ್ಲಾ ನಮ್ಮ ಗೊರಕೆ, ಜಗಳ ಕೇಳ್ಬೇಕು. ಊಟ ಆಯ್ತಾ ನಿಮ್ದು?"

ಮೈಕಿಗೆ ಮಾತಾಡುವ ಸ್ಪರ್ಧಿಗಳು ಬೇಕಾದಷ್ಟು ಜನ ಇದ್ದರು. ಟೀವಿಯಲ್ಲಿ ಬರಲಿ ಅಂತ ಅಳುತ್ತಿದ್ದರು, ಬೈಯುತ್ತಿದ್ದರು. ನನ್ನ ಊಟ ವಿಚಾರಿಸಿದವನು ಇವನೊಬ್ಬನೇ. ಖಾಲಿ ಕ್ಯಾಬಿನ್ನಿನಲ್ಲಿ ನಾನು "ಆಯ್ತು" ಅಂದೆ, ಅಂದಮೇಲೆ ನನಗೇ ನಾಚಿಕೆಯಾಯಿತು.

ಆಮೇಲೆ ದಿನಾ ಮಾತು. ಅವನು ಲಿಫ್ಟ್ ಮೆಕ್ಯಾನಿಕ್. ಬೆಳಗಿನಿಂದ ಸಂಜೆಯವರೆಗೆ ಲಿಫ್ಟಿನ ಕೆಳಗಿನ ಗುಂಡಿಯಲ್ಲಿ ಟಾರ್ಚ್ ಹಿಡಿದು ಒಬ್ಬನೇ. ಇರುವುದು ಒಂದು ದೊಡ್ಡ ಕಟ್ಟಡದ ನೆಲಮಾಳಿಗೆಯ ಕೋಣೆಯಲ್ಲಿ.

"ಕತ್ತಲಲ್ಲಿ ಕೆಲಸ, ಕತ್ತಲಲ್ಲಿ ನಿದ್ದೆ. ಲಿಫ್ಟಿನ ತಂತಿ ಹಗ್ಗದ ಜೊತೆ ಮಾತಾಡಿ ಮಾತಾಡಿ ಅಭ್ಯಾಸ ಸಾಹೇಬ್ರೇ. ಅದೂ ಉತ್ತರ ಕೊಡಲ್ಲ, ನೀವೂ ಕೊಡಲ್ಲ. ಆದ್ರೆ ನಿಮಗೆ ಗ್ರೀಸ್ ಹಚ್ಚಬೇಕಾಗಿಲ್ಲ. ಅದೊಂದು ಉಳಿತಾಯ."

ನಾನು ನಕ್ಕೆ.

"ಗೆದ್ರೆ ಕಿಟಕಿ ಇರೋ ಮನೆ ತಗೋತೀನಿ. ಎಲ್ಲಾ ಗೋಡೆಗೂ ಕಿಟಕಿ. ಬಚ್ಚಲಿಗೂ. ಕಾರು ಗೀರು ಏನೂ ಬೇಡ. ನಗಬೇಡಿ."

ನಾನು ನಗುತ್ತಿರಲಿಲ್ಲ. ಹೆಡ್‌ಫೋನನ್ನು ಎರಡೂ ಕೈಯಿಂದ ಒತ್ತಿ ಹಿಡಿದಿದ್ದೆ.

ಹನ್ನೊಂದನೇ ದಿನ ಅವನು ನನ್ನ ವಿಷಯ ನನಗೇ ಹೇಳತೊಡಗಿದ.

"ಸಾಹೇಬ್ರೇ, ಆ ಬ್ಯಾಟರಿ ಹಾಕೋರು ಇದ್ದಾರಲ್ಲ, ಐಸ್ ಕೈಯವರು. ದಿನಕ್ಕೆ ಎರಡು ಸಲ ಬರ್ತಾರೆ, ಬೆಳಿಗ್ಗೆ ಹತ್ತಕ್ಕೆ, ಮಧ್ಯಾಹ್ನ ನಾಲ್ಕಕ್ಕೆ. ಬೆನ್ನ ಹಿಂದೆ ಅರ್ಧ ನಿಮಿಷ. ನಾನು ಹತ್ತಕ್ಕೂ ನಾಲ್ಕಕ್ಕೂ ಬದುಕ್ತಿದ್ದೀನಿ ಅನ್ಸುತ್ತೆ. ಉಳಿದ ಹೊತ್ತು ಸುಮ್ನೆ ಆಟ ಆಡ್ತಿರ್ತೀನಿ."

ಮರುದಿನ ನಾಲ್ಕಕ್ಕೆ ಹೋದಾಗ ಅವನು ಕುಡಿಯುವ ನೀರಿನ ಸ್ಟೀಲ್ ಡ್ರಮ್ಮಿನ ಎದುರು ನಿಂತಿದ್ದ. ಬಾಯಾರಿ ನಿಂತದ್ದಲ್ಲ ಅಂತ ಹತ್ತಿರ ಹೋದಮೇಲೆ ಗೊತ್ತಾಯಿತು. ಡ್ರಮ್ಮಿನ ಹೊಳಪಿನಲ್ಲಿ ನನ್ನ ಟೋಪಿ, ನನ್ನ ಕಣ್ಣು, ಅದರ ಮುಂದೆ ಅವನ ಕಣ್ಣು. ಅವನು ಒಂದೇ ಹುಬ್ಬು ಮೇಲೆತ್ತಿದ. ನಾನು ತಲೆ ತಗ್ಗಿಸಿದೆ. ಮತ್ತೆ ಕಣ್ಣೆತ್ತಿದರೆ ಹುಬ್ಬು ಇನ್ನೂ ಮೇಲೆಯೇ ಇತ್ತು. ಬ್ಯಾಟರಿ ತಲೆಕೆಳಗಾಗಿ ಹಾಕಿಬಿಟ್ಟೆ; ಮತ್ತೆ ತೆಗೆದು ಹಾಕಬೇಕಾಯಿತು.

ಕ್ಯಾಬಿನ್ನಿಗೆ ಬಂದು ಹೆಡ್‌ಫೋನ್ ಹಾಕುವಷ್ಟರಲ್ಲಿ ಅವನು ಶುರುಮಾಡಿಯಾಗಿತ್ತು.

"ನಕ್ರು ಸಾಹೇಬ್ರೇ! ಮಾಸ್ಕ್ ಇತ್ತು, ಆದ್ರೆ ಕಣ್ಣು ನಗೋದನ್ನ ಯಾವ ಮಾಸ್ಕ್ ಮುಚ್ಚುತ್ತೆ? ಒಂದು ಉಪಕಾರ ಮಾಡಿ. ಅವರಿಗೆ ಮದುವೆ ಆಗಿದ್ರೆ ನಾಳೆ ಹತ್ತಕ್ಕೆ ಬೇರೆ ಯಾರನ್ನಾದ್ರೂ ಕಳಿಸಿ. ನಾನು ತೆಪ್ಪಗಾಗ್ತೀನಿ. ಆಗಿಲ್ಲಾಂದ್ರೆ ಅವರನ್ನೇ ಕಳಿಸಿ."

ಮರುದಿನ ಹತ್ತಕ್ಕೆ ನಾನು ಬಿಸಿನೀರಿನಲ್ಲಿ ಕೈ ತೊಳೆದುಕೊಂಡು ಹೋದೆ. ಅವನ ಭುಜ ನಿಧಾನವಾಗಿ ಸಡಿಲವಾದದ್ದನ್ನು ನೋಡಿದೆ. ಅವನು ತಿರುಗಲಿಲ್ಲ. ಕಿವಿ ಮಾತ್ರ ಕೆಂಪಗಾಗಿತ್ತು.

ನಮ್ಮ ಕೆಲಸದಲ್ಲಿ ಒಂದು ಪುಸ್ತಕ ಇರುತ್ತದೆ. ದಿನದ ಕೊನೆಗೆ ಪ್ರತಿ ನಂಬರಿನ ಎದುರೂ ಟೀವಿಗೆ ಆಗುವಂಥದ್ದು ಏನು ಸಿಕ್ಕಿತು ಅಂತ ಬರೆಯಬೇಕು. ಅಳು, ಜಗಳ, ಪ್ರೇಮ, ಒಳಸಂಚು. ಅವನ ನಂಬರಿನ ಎದುರು ನಾನು ದಿನಾ ಬರೆದದ್ದು ಒಂದೇ: ಏನೂ ಇಲ್ಲ. ಕೆಲಸಕ್ಕೆ ದ್ರೋಹ ಅಂತ ಗೊತ್ತಿತ್ತು. ಆದರೆ ನನಗಾಗಿಯೇ ಯಾರೋ ಆಡಿದ ಮಾತು ಹುಟ್ಟಿದಾಗಿನಿಂದ ಅಷ್ಟೇ ಇದ್ದದ್ದು. ಅದನ್ನು ಯಾರಿಗೂ ಕೊಡಲು ನನಗೆ ಮನಸ್ಸಿರಲಿಲ್ಲ.

ಇಪ್ಪತ್ನಾಲ್ಕನೇ ದಿನ ನನಗೆ ಜ್ವರ. ನಮ್ಮ ಸೌಂಡ್ ಮೇಷ್ಟ್ರು, ಈ ಕೆಲಸ ನನಗೆ ಕಲಿಸಿದ ಹಿರಿಯರು, ಅರ್ಧ ದಿನ ನನ್ನ ಕುರ್ಚಿಯಲ್ಲಿ ಕೂತರು. ಕೇಳಿದ್ದನ್ನು ಪ್ರಾಮಾಣಿಕವಾಗಿ ಬರೆದಿಟ್ಟರು: 281, ಪ್ರೇಮ, ಬ್ಯಾಟರಿ ಹುಡುಗಿ.

ಮರುದಿನ ಡೈರೆಕ್ಟರ್ ಮೇಡಂ ಕರೆಸಿದರು. ಅವರ ಟೇಬಲ್ ಮೇಲೆ ಹಳೆಯ ರೆಕಾರ್ಡಿಂಗುಗಳೆಲ್ಲ ತೆರೆದುಕೊಂಡಿದ್ದವು.

"ಚಿನ್ನದ ಗಣಿ ಇಟ್ಕೊಂಡು 'ಏನೂ ಇಲ್ಲ' ಅಂತ ಬರೀತೀಯಲ್ಲ!" ಅಂದರು. ಬೈಯಲಿಲ್ಲ, ಖುಷಿಯಲ್ಲಿದ್ದರು. "ನೀನು ಹೆಚ್ಚೇನೂ ಮಾಡಬೇಡ. ನಾಳೆ ಬ್ಯಾಟರಿ ಹಾಕೋವಾಗ ಮಾಸ್ಕ್ ಜಾರಿಸು, ಒಂದು ನಗು ಕೊಡು. ಅವನು ಕರಗಿ ನೀರಾಗ್ಲಿ. ಕೊನೇ ವಾರ ಅವನ ಮುಂದೆ ಎರಡು ಬಾಗಿಲು ಇಡೋಣ. ಒಂದರ ಹಿಂದೆ ದುಡ್ಡು, ಒಂದರ ಹಿಂದೆ ನೀನು."

"ಆಮೇಲೆ ಮೇಡಂ?"

"ಆಮೇಲೆ ಏನು? ಎಪಿಸೋಡ್ ಮುಗೀತು."

ಅವರ ಪಾಲಿಗೆ ಅದು ಕ್ರೂರತನವೇ ಆಗಿರಲಿಲ್ಲ. ನಾನು "ಆಗ್ಲಿ ಮೇಡಂ" ಅಂದು ಹೊರಗೆ ಬಂದು ಪಾಯಿಖಾನೆಯ ಬಾಗಿಲು ಹಾಕಿಕೊಂಡು ಅತ್ತೆ.

ಬ್ಯಾಟರಿ ತೆಗೆದು ಹೊಸದು ಹಾಕುವ ನಡುವೆ ಮೈಕ್ ಸತ್ತಿರುತ್ತದೆ. ಆ ಗೋದಾಮಿನಲ್ಲಿ ಯಾರ ಕಿವಿಗೂ ಬೀಳದ ಹೊತ್ತು ಅಂದರೆ ಅದೊಂದೇ. ಅವನು ಆ ಹೊತ್ತಿನಲ್ಲಿ ಎಂದೂ ಮಾತಾಡಿರಲಿಲ್ಲ. ಆಗ ಕೇಳಲು ಸಾಹೇಬರು ಇರುವುದಿಲ್ಲವಲ್ಲ ಅಂತ. ಮರುದಿನ ಹತ್ತಕ್ಕೆ ನಾನು ಹಳೇ ಬ್ಯಾಟರಿ ತೆಗೆದೆ. ಮಾಸ್ಕ್ ಜಾರಿಸಲಿಲ್ಲ. ಅದರ ಒಳಗಿಂದಲೇ, ತುಟಿ ಅಲುಗದ ಹಾಗೆ ಹೇಳಿದೆ:

"ಹೆಡ್‌ಫೋನ್ ಸಾಹೇಬ್ರು ನಾನೇ. ಎಲ್ಲಾ ಕೇಳಿದ್ದೀನಿ. ಇನ್ನು ಏನೂ ಹೇಳ್ಬೇಡಿ, ಅದನ್ನ ಟೀವಿಲಿ ಮಾರ್ತಾರೆ."

ಅವನ ಬೆನ್ನು ಕಲ್ಲಾಯಿತು. ಕತ್ತಿನಿಂದ ಮೇಲಕ್ಕೆ ಕೆಂಪೇರುತ್ತಾ ಹೋಯಿತು. ಹೊಸ ಬ್ಯಾಟರಿ ಹಾಕಿದೆ, ಹಸಿರು ದೀಪ ಹತ್ತಿತು, ನಾನು ಹೊರಟೆ.

ಅವತ್ತಿನಿಂದ ಅವನು ಮಾತು ನಿಲ್ಲಿಸಿದ.

ಹೀಗಾಗಲಿ ಅಂತಲೇ ನಾನು ಹೇಳಿದ್ದು. ಆದರೂ ಆ ಹದಿಮೂರು ದಿನ ಹೇಗೆ ಕಳೆದೆನೋ ನನಗೇ ಗೊತ್ತು. ಹೆಡ್‌ಫೋನಿನಲ್ಲಿ ಅವನ ಉಸಿರು, ಅವನು ನೀರು ಕುಡಿಯುವ ಸದ್ದು, ಷೂ ಲೇಸ್ ಕಟ್ಟುವಾಗಿನ ಸಣ್ಣ ನರಳಿಕೆ. ಅಷ್ಟೇ. ಬೆಳಿಗ್ಗೆ ಎದ್ದು, ಇವತ್ತಾದರೂ ಮರೆತು ಒಂದು ಮಾತಾಡಲಿ ಅಂತ ಆಸೆಪಡುತ್ತಿದ್ದೆ, ಬೇಡ ಅಂತ ನಾನೇ ಹಲ್ಲು ಕಚ್ಚುತ್ತಿದ್ದೆ. ಬ್ಯಾಟರಿ ಹಾಕಲು ಬೇರೊಬ್ಬಳನ್ನು ಕರೆಸಿದರು. ಮೇಡಂಗೆ ನನ್ನ ಮೇಲೆ ಅನುಮಾನ ಬಂದಿತ್ತು, ಸಾಕ್ಷಿ ಇರಲಿಲ್ಲ. ಅವನೇ ಬಾಯಿ ಬಿಡದ ಮೇಲೆ ಎರಡು ಬಾಗಿಲಿನ ಉಪಾಯ ಕೈಬಿಟ್ಟರು. ಹೊಸಬಳು ಮೊದಲ ಸಲ ಅವನ ಬೆನ್ನು ಮುಟ್ಟಿದಾಗ ಅವನು ಬಿಟ್ಟ ನಿಟ್ಟುಸಿರು ಮೈಕಿನಲ್ಲಿ ದೊಡ್ಡದಾಗಿ ಕೇಳಿಸಿತು. ನಾನು ಅದನ್ನೂ ಪುಸ್ತಕದಲ್ಲಿ ಬರೆಯಲಿಲ್ಲ.

ಐನೂರು ಜನ ಐವತ್ತಾದರು, ಐದಾದರು, ಕೊನೆಗೆ ಇಬ್ಬರು. ಒಬ್ಬಳು ಎಲ್ಲರೂ ನರ್ಸಮ್ಮ ಅಂತ ಕರೆಯುತ್ತಿದ್ದ ನಡುವಯಸ್ಸಿನ ಹೆಂಗಸು, ಇನ್ನೊಬ್ಬ ಇವನು. ಗೆಲ್ಲುವವರನ್ನು ಆರಿಸುವುದು ಸೋತು ಹೋಗಿದ್ದ ನಾನೂರ ತೊಂಬತ್ತೆಂಟು ಜನ. ಇಬ್ಬರಿಗೂ ಮಾತಾಡಲು ಒಂದೊಂದು ನಿಮಿಷ.

ಹಿಂದಿನ ದಿನ ಮೇಡಂ ಅವನ ಪಕ್ಕ ಬಂದು ಕೂತದ್ದು ಮೈಕಿನಲ್ಲಿ ಕೇಳಿಸಿತು.

"ನರ್ಸಮ್ಮ ಮೂರು ಮಕ್ಕಳ ಕಥೆ ಹೇಳ್ತಾರೆ. ನೀವು ಆ ಹುಡುಗಿ ಕಥೆ ಹೇಳಿ. ಇಡೀ ಗೋದಾಮೇ ನಿಮ್ಮ ಕಡೆ ವಾಲುತ್ತೆ. ನಿಮ್ಮ ಒಳ್ಳೇದಕ್ಕೇ ಹೇಳ್ತಿದ್ದೀನಿ."

"ಯಾವ ಹುಡುಗಿ ಮೇಡಂ?" ಅಂದ.

ಹೇಳಿಬಿಡು ಮಾರಾಯ, ಅಂತ ನಾನು ಕ್ಯಾಬಿನ್ನಿನಲ್ಲಿ ಒಬ್ಬಳೇ ಗೋಗರೆದೆ. ಹೇಳಿ ಮನೆ ತಗೋ. ನನ್ನನ್ನು ಯಾರು ನೋಡಿ ನಕ್ಕರೇನು? ಎರಡು ದಿನ ನಗುತ್ತಾರೆ, ಮರೆಯುತ್ತಾರೆ.

ಫೈನಲ್ಲಿನಲ್ಲಿ ನರ್ಸಮ್ಮ ಚೆನ್ನಾಗಿ ಮಾತಾಡಿದರು. ಜನ ಕಣ್ಣೊರೆಸಿಕೊಂಡರು. ಆಮೇಲೆ ಇವನು ಎದ್ದು ನಿಂತ.

"ನಾನು ಲಿಫ್ಟ್ ರಿಪೇರಿ ಮಾಡ್ತೀನಿ. ನನಗೊಂದು ಕಿಟಕಿ ಇರೋ ಮನೆ ಬೇಕಿತ್ತು. ಅದಕ್ಕೆ ಬಂದೆ. ಅಷ್ಟೇ."

ಆಟ ನಡೆಸುವವನು ಗಡಿಯಾರ ನೋಡಿದ. "ಇನ್ನೂ ನಲವತ್ತೈದು ಸೆಕೆಂಡ್ ಇದೆಯಲ್ಲ! ಯಾರಿಗಾದ್ರೂ ಏನಾದ್ರೂ ಹೇಳೋದು ಇಲ್ವಾ?"

"ಇದೆ," ಅಂದ ಅವನು. "ಇಲ್ಲಿ ಹೇಳೋದಲ್ಲ."

ಉಳಿದ ಹೊತ್ತು ಅಷ್ಟೂ ಜನರ ಮುಂದೆ ಸುಮ್ಮನೆ ನಿಂತ. ಮೈಕ್ ಎದೆಗೆ ಅಂಟಿಕೊಂಡಿತ್ತು. ಅವನ ಎದೆಬಡಿತ ನನ್ನ ತಲೆಯೊಳಗೆ ಬಡಿಯುತ್ತಿತ್ತು. ಆ ಇಡೀ ಗೋದಾಮಿನಲ್ಲಿ ಅದು ಕೇಳಿಸುತ್ತಿದ್ದದ್ದು ನನಗೊಬ್ಬಳಿಗೆ.

ನರ್ಸಮ್ಮನಿಗೆ ಮುನ್ನೂರ ಎರಡು ಓಟು. ಅವನಿಗೆ ನೂರ ತೊಂಬತ್ತಾರು.

ಹೊಸಬಳು ಬಣ್ಣದ ಕಾಗದ ಹಾರಿಸುವುದನ್ನು ನೋಡುತ್ತಾ ನಿಂತಿದ್ದಳು. ಅವನ ಮೈಕ್ ಬಿಚ್ಚಲು ನಾನೇ ಹೋದೆ. ಗೋದಾಮಿನ ಹಿಂದೆ, ಸಾಮಾನು ಇಳಿಸುವ ಕಟ್ಟೆಯ ಮೇಲೆ, ಮಧ್ಯಾಹ್ನದ ಬಿಸಿಲಿಗೆ ಕಣ್ಣು ಕಿರಿದು ಮಾಡಿಕೊಂಡು ಅವನು ಕೂತಿದ್ದ. ಹತ್ತು ನಿಮಿಷಕ್ಕೆ ವ್ಯಾನ್ ಬರುವುದಿತ್ತು. ಅವನ ಮೈಕ್ ಬಿಚ್ಚಿದೆ. ಡಬ್ಬಿ ಆಫ್ ಮಾಡಿದೆ. ಟೋಪಿ, ಮಾಸ್ಕ್ ತೆಗೆದು ಅವನ ಎದುರಿಗೆ ಬಂದು ನಿಂತೆ.

ಅವನು ತುಂಬಾ ಹೊತ್ತು ನೋಡಿದ. ನನಗೆ ಮುಖ ಎಲ್ಲಿಟ್ಟುಕೊಳ್ಳಬೇಕೋ ತಿಳಿಯಲಿಲ್ಲ.

"ನನ್ನಿಂದ ನಿಮ್ಮ ಮನೆ ಹೋಯ್ತು," ಅಂದೆ.

"ಹೋಯ್ತು," ಅಂದ. ಹೆಡ್‌ಫೋನ್ ಇಲ್ಲದೆ ಅವನ ದನಿ ನಾನು ತಿಳಿದದ್ದಕ್ಕಿಂತ ತೆಳುವಾಗಿತ್ತು. "ಸುಳ್ಳು ಯಾಕೆ ಹೇಳ್ಲಿ, ಹೊಟ್ಟೆ ಉರೀತಿದೆ. ಇನ್ನೊಂದು ತಿಂಗಳು ಉರಿಯುತ್ತೆ. ಆದ್ರೆ ನಿಮ್ಮನ್ನ ಅಷ್ಟು ಜನರ ಮುಂದೆ ಎಳೆದು ತಂದು ಮನೆ ತಗೊಂಡಿದ್ರೆ, ಅದು ಜನ್ಮವೆಲ್ಲಾ ಉರೀತಿತ್ತು."

ನಾನು ಅವನ ಪಕ್ಕದಲ್ಲಿ ಕೂತೆ. ಅವನು ನನ್ನ ಎಡಗಡೆ ಇದ್ದ.

"ನೀವು ನನ್ನ ಜೊತೆ ಮಾತಾಡಿದ್ದು ಒಂದೇ ಒಂದು ಸಲ," ಅಂದ. "ಅದೂ ಬಾಯಿ ಮುಚ್ಚು ಅಂತ. ನಾನು ಇಪ್ಪತ್ತು ದಿನ ಒದರಿದ್ದೀನಿ. ಈಗ ನಿಮ್ಮ ಸರದಿ."

"ಏನ್ ಹೇಳ್ಲಿ?"

"ಏನಾದ್ರೂ. ಯಾರಿಗೂ ಹೇಳದೇ ಇರೋದು."

ಬಾಯಿ ತೆರೆದೆ. "ನನಗೆ ಮದುವೆ ಆಗಿಲ್ಲ," ಅಂದೆ.

"ಅದು ಗೊತ್ತು. ಮುಂದೆ."

ನಗು ಬಂತು, ಅದರ ಹಿಂದೆಯೇ ಅಳು. ಅಕ್ಕನಿಗೆ, ಮೇಷ್ಟ್ರಿಗೆ, ಯಾರಿಗೂ ಹೇಳದೆ ಎರಡು ವರ್ಷದಿಂದ ನುಂಗಿಕೊಂಡಿದ್ದದ್ದು ಆಗ ಹೊರಗೆ ಬಂತು.

"ನನ್ನ ಎಡಗಿವಿ ಹೋಗ್ತಾ ಇದೆ. ಡಾಕ್ಟರ್ ಇನ್ನು ಈ ಕೆಲಸ ಮಾಡಬೇಡಿ ಅಂದಿದ್ದಾರೆ. ಬೇರೆ ಕೆಲಸ ನನಗೆ ಬರಲ್ಲ. ಬಲಗಿವಿಗೂ ಹೀಗಾದ್ರೆ ಏನು ಗತಿ ಅಂತ ತುಂಬಾ ಹೆದರಿಕೆ ಆಗುತ್ತೆ. ಈಗ ನೀವು ಮಾತಾಡಿದ್ದೂ ಅರ್ಧ ಅಂದಾಜಿನ ಮೇಲೇ ಕೇಳಿಸ್ಕೊಂಡೆ."

ಅವನು ಸಮಾಧಾನ ಹೇಳಲಿಲ್ಲ. ಎದ್ದ. ಹೊರಟನೇನೋ ಅಂದುಕೊಂಡೆ. ನನ್ನನ್ನು ಸುತ್ತಿಕೊಂಡು ಬಂದು ಬಲಗಡೆ ಕೂತ, ಭುಜಕ್ಕೆ ಭುಜ ತಾಗುವಷ್ಟು ಹತ್ತಿರ.

"ಹೂಂ," ಅಂದ. "ಹೇಳಿ. ಯಾವಾಗಿಂದ?"

ಹೇಳತೊಡಗಿದೆ. ವ್ಯಾನ್ ಬಂತು, ಡ್ರೈವರ್ ಎರಡು ಸಲ ಹಾರ್ನ್ ಹೊಡೆದ. ಇವನು ಕೈ ಎತ್ತಿ ಸ್ವಲ್ಪ ತಡಿ ಅಂತ ಅವನಿಗೆ ಸನ್ನೆ ಮಾಡಿದ, ನನ್ನ ಕಡೆಯಿಂದ ಕಣ್ಣು ಮಾತ್ರ ತೆಗೆಯಲಿಲ್ಲ. ನಾನು ಹೇಳುತ್ತಲೇ ಇದ್ದೆ.