ದೋಣಿಯವಳ ಮಗಳು

"ಈ ಮುದುಕಿ ಏನಂತಾಳ್ರಿ?" ಎಂದು ರೇಣು ಕೇಳದೇ ಇದ್ದಿದ್ದರೆ, ಶ್ರೀನಾಥ್ ಆ ಹಳೇ ಗೇಮ್ ಕನ್ಸೋಲನ್ನು ಮೊದಲ ದಿನವೇ ಕೊಂಡು ವಾಕಡ ಬಡಾವಣೆಯ ತನ್ನ ರೂಮಿಗೆ ಹೋಗಿಬಿಡುತ್ತಿದ್ದ.

ಪುಣೆಯ ಕ್ಯಾಂಪ್ ಪೇಟೆಯ ಆ ಸೆಕೆಂಡ್‌ಹ್ಯಾಂಡ್ ಅಂಗಡಿ ಅವಳ ಸೋದರಮಾವ ಚನ್ನವೀರನದು. ಹಳೆಯ ಸಾಮಾನನ್ನು ಗಿರಾಕಿ ಅಂಗಡಿಯಲ್ಲೇ ಓಡಿಸಿ ನೋಡಬೇಕು, ಒಯ್ದ ಮೇಲೆ ತಕರಾರು ತೆಗೆಯಬಾರದು ಎಂಬುದು ಅವನ ಕಟ್ಟಪ್ಪಣೆ. ಹಾಗಾಗಿ ಐಟಿ ಕಂಪನಿಯ ಹುಡುಗ ಶ್ರೀನಾಥ್ ಡಬ್ಬಾ ಟೀವಿಯ ಮುಂದೆ ಸ್ಟೂಲ್ ಹಾಕಿಕೊಂಡು ಕೂತಿದ್ದ. ಪಕ್ಕದ ಕೌಂಟರಿನಲ್ಲಿ ರೇಣು. ಎಂಟನೇ ಇಯತ್ತೆಗೇ ಶಾಲೆ ಬಿಟ್ಟವಳು. ಮಾತು ಕಡಿಮೆ, ನೋಟ ಜಾಸ್ತಿ.

ಟೀವಿಯಲ್ಲಿ ನೀಲಿ ಸಮುದ್ರ, ದ್ವೀಪಗಳು, ಒಬ್ಬ ಕುದುರೆ ಸವಾರ. ಕಣ್ಣಿಗೆ ಕಂಡ ಯಾವ ಗುಡ್ಡಕ್ಕಾದರೂ ಹೋಗಬಹುದು, ಯಾವ ಮನೆಯ ಬಾಗಿಲನ್ನಾದರೂ ತಟ್ಟಬಹುದು, ಅಂಥ ಆಟ. ಮನೆಯಿಂದ ಅಂಗಡಿಗೆ, ಅಂಗಡಿಯಿಂದ ಮನೆಗೆ ಬಿಟ್ಟರೆ ಬೇರೆ ದಾರಿಯೇ ತುಳಿಯದ ರೇಣುವಿಗೆ ಅಷ್ಟೊಂದು ಬಯಲನ್ನು ಒಮ್ಮೆಲೇ ನೋಡಿ ಉಸಿರು ನಿಂತಂತಾಯಿತು.

ಹೊಳೆಯ ದಂಡೆಯಲ್ಲಿ ಒಬ್ಬ ಮುದುಕಿ ನಿಂತಿದ್ದಳು. ಅವಳ ಮಾತು ಇಂಗ್ಲಿಷಿನಲ್ಲಿ ಕೆಳಗೆ ಮೂಡಿತು.

"ದೋಣಿ ಒಡೆದಿದೆಯಂತೆ. ಹಲಗೆ ತಂದ್ಕೊಡು ಅಂತಾಳೆ," ಎಂದ ಶ್ರೀನಾಥ್.

"ಒಬ್ಬಾಕೀನ ಅದಾಳಲ್ರಿ. ಮಕ್ಕಳು ಮರಿ ಯಾರೂ ಇಲ್ಲೇನು?"

ಅವನು ತಿರುಗಿ ನೋಡಿದ. ಹುಡುಗಿ ತಮಾಷೆ ಮಾಡುತ್ತಿರಲಿಲ್ಲ. ಆ ಗೊಂಬೆ ಮುದುಕಿಗಾಗಿ ಅವಳ ಹುಬ್ಬು ಗಂಟಾಗಿತ್ತು. ಅವನು ಸುಮ್ಮನೆ ಒಂದು ಬಟನ್ ಒತ್ತಿ ಹೇಳಿದ, "ಒಬ್ಳು ಮಗಳಿದ್ದಾಳಂತೆ. ಮಾತು ಕಮ್ಮಿಯಂತೆ."

"ಅಯ್ಯ, ಪಾಪ."

ಮುಂದಿನ ಶನಿವಾರ ಅವನು ಮತ್ತೆ ಬಂದ. "ಇನ್ನೂ ಸ್ವಲ್ಪ ಟೆಸ್ಟ್ ಮಾಡ್ಬೇಕು ಸರ್," ಎಂದು ಚನ್ನವೀರನಿಗೆ ಹೇಳಿದ. ಅದರ ಮುಂದಿನ ಶನಿವಾರವೂ ಅದೇ ಮಾತು. ಕುದುರೆ ಎಲ್ಲೆಲ್ಲೋ ಸುತ್ತಿ ಕಡೆಗೆ ಹೊಳೆಯ ದಂಡೆಗೇ ಬಂದು ನಿಲ್ಲುತ್ತಿತ್ತು.

"ಮಗಳ ಲಗ್ನ ಆತೇನ್ರಿ?"

"ಎಲ್ಲಿ? ಒಬ್ಬ ಹುಡುಗ ದೋಣಿ ನೋಡೋ ನೆಪದಲ್ಲಿ ಬಂದು ಹೋಗ್ತಾನಂತೆ. ಅವನಿಗೆ ದೋಣಿ ಬೇಕಾಗಿಲ್ವಂತೆ."

ಹಾಗೆ ಹೇಳುವಾಗ ಅವನ ಕಿವಿ ಕೆಂಪಾದದ್ದನ್ನು ರೇಣು ನೋಡಿದಳು. ನೋಡಿದವಳೇ ಹಳೇ ರೇಡಿಯೋ ಒಂದರ ಧೂಳು ಒರೆಸತೊಡಗಿದಳು. ಅದರಲ್ಲಿ ಧೂಳೇ ಇರಲಿಲ್ಲ.

"ಮುದುಕಿ ನಿಮ್ಮ ಕಡೆಯಾಕೀನ ಇರಬೇಕ್ರಿ. ಬೆಂಗಳೂರು ಕನ್ನಡ ಮಾತಾಡ್ತಾಳ."

"ನಿಮ್ ಕನ್ನಡ ಕಲೀತಾ ಇದ್ದಾಳೆ ರೀ."

"ರೀ ಹಂಗ ಹಚ್ಚೂದಲ್ರಿ!" ಎಂದು ರೇಣು ನಕ್ಕಳು. ಅವಳ ನಗುವನ್ನು ಅವನು ಅಂದೇ ಮೊದಲ ಸಲ ಕೇಳಿದ್ದು. ಕುದುರೆ ಹೊಳೆಗೆ ಬಿತ್ತು.

ಆ ವಾರದ ನಡುವೆ ಮಿಥುನ ಎಂಬ ಕಾಲೇಜು ಹುಡುಗ ಅಂಗಡಿಗೆ ಬಂದ. ಕನ್ಸೋಲ್ ಕಂಡದ್ದೇ ಕುಣಿದಾಡಿಬಿಟ್ಟ. ಚಿಕ್ಕಂದಿನಲ್ಲಿ ಅಣ್ಣನ ಜೊತೆ ಇದೇ ಆಟವನ್ನು ಪೂರ್ತಿ ಆಡಿದ್ದನಂತೆ. ಅವನು ಆಡುತ್ತ ಹೊಳೆಯ ದಂಡೆಗೆ ಬಂದಾಗ ರೇಣುವಿಗೆ ತಡೆಯಲಾಗಲಿಲ್ಲ. ಆ ಮುದುಕಿಯ ಮಗಳದು ಮುಂದೇನಾಗುತ್ತದೆ ಎಂದು ಮರಾಠಿಯಲ್ಲಿ ಕೇಳಿಯೇಬಿಟ್ಟಳು.

"ಕಸ್ಲೀ ಮುಲ್ಗೀ, ತಾಈ?" ಎಂದು ಹುಡುಗ ನಕ್ಕ. ಎಂಥ ಮಗಳು ಅಕ್ಕಾ, ಯಾವ ಮಗಳೂ ಇಲ್ಲ. ಮುದುಕಿ ಹಲಗೆ ಕೇಳುತ್ತಾಳೆ, ಅಷ್ಟೇ. ಶನಿವಾರ ಸಂಜೆ ಬಂದು ಕನ್ಸೋಲ್ ಒಯ್ಯುವುದಾಗಿ ಮಾವನಿಗೆ ಹೇಳಿ ಹೋದ.

ರೇಣುವಿಗೆ ಮುಖ ಉರಿಯಿತು. ಇಂಗ್ಲಿಷ್ ಓದಲು ಬಾರದವಳೆಂದು ತನ್ನನ್ನು ಆಡಿಸಿದನೇ? ರೂಮಿನ ಗೆಳೆಯರ ಮುಂದೆ ಹೇಳಿಕೊಂಡು ನಕ್ಕಿರಬಹುದೇ? ಶಾಲೆ ಬಿಟ್ಟದ್ದಕ್ಕೆ ಅವಳು ಅತ್ತವಳಲ್ಲ. ಅಂದು ರೊಟ್ಟಿ ಬಡಿಯುತ್ತ ಅತ್ತಳು.

ಶನಿವಾರ ಶ್ರೀನಾಥ್ ಬಂದಾಗ ಮಾವ ಶಿವಾಜಿನಗರಕ್ಕೆ ಹೋಗಿದ್ದ. ಟೀವಿ ಆರಿತ್ತು.

"ಮಾರಿ ಹೋತ್ರಿ. ಸಂಜೀಕ ಬಂದು ಒಯ್ತಾರ," ಎಂದಳು ತಲೆ ಎತ್ತದೆ.

ಅವನ ಮುಖ ಇಳಿದುಹೋಯಿತು. ಬಾಯಿ ತೆರೆಯುವಷ್ಟರಲ್ಲಿ ಅವಳೇ ಅಂದಳು, "ದೋಣಿಯಾಕಿಗೆ ಮಗಳೇ ಇಲ್ಲಂತ. ಇಂಗ್ಲಿಷ್ ಬರೂದಿಲ್ಲ ಅಂತ ನನ್ನ ಹುಚ್ಚಿ ಮಾಡಿದ್ರಿ. ಭಾಳ ನಕ್ಕಿರಬೇಕಲ್ರಿ?"

"ನಕ್ಕಿಲ್ಲ ರೇಣು ಅವ್ರೇ, ಪ್ರಾಮಿಸ್. ಈ ಗೇಮ್ ನಾನು ಎಷ್ಟೋ ಸಲ ಮುಗಿಸಿದೀನಿ. ಆ ಅಜ್ಜಿ ಒಬ್ಬಳೇ ಇದ್ದಾಳೆ ಅಂತ ಒಂದ್ಸಲನೂ ಅನ್ನಿಸಿರ್ಲಿಲ್ಲ. ಹಲಗೆ ಕೊಟ್ಟು ಓಡ್ತಿದ್ದೆ. ನೀವು ಮಕ್ಕಳಿಲ್ವಾ ಅಂದ್ರಿ. ಇಲ್ಲ ಅನ್ನೋಕೆ ಬಾಯಿ ಬರ್ಲಿಲ್ಲ. ಹುಟ್ಟಿಸ್ಬಿಟ್ಟೆ."

"ಮಗಳನ್ನ ಹುಟ್ಟಿಸಿದ್ರಿ, ಇರ್ಲಿ. ಆ ಹುಡುಗನ್ನ ಯಾಕ ಹುಟ್ಟಿಸಿದ್ರಿ?"

"ಅವನನ್ನ ನಾನು ಹುಟ್ಟಿಸಿಲ್ಲ. ನಮ್ಮಮ್ಮ. ಹಾಸನದಲ್ಲಿ."

ರೇಣು ತುಟಿ ಕಚ್ಚಿ ನಗು ತಡೆದಳು. ಸಿಟ್ಟು ಎಲ್ಲಿ ಹೋಯಿತೆಂದು ಹುಡುಕಿದಳು, ಸಿಗಲಿಲ್ಲ.

"ಹಲಗೆ ಇವತ್ತಿಗೂ ಕೊಟ್ಟಿಲ್ಲ," ಎಂದ ಅವನು ಮೆಲ್ಲಗೆ. "ಕೊಟ್ರೆ ಅಜ್ಜಿ ದೋಣಿ ಹತ್ಕೊಂಡು ಹೋಗ್ಬಿಡ್ತಾಳೆ."

ಅವಳು ಎದ್ದು ಟೀವಿ ಹಾಕಿದಳು. ಅವನು ಕಂಟ್ರೋಲರಿಗೆ ಕೈ ಚಾಚಿದರೆ, "ಇವತ್ತ ನಾ ಆಡ್ತೀನಿ," ಎಂದು ತಾನೇ ಎತ್ತಿಕೊಂಡಳು. ಕುದುರೆ ಹೋಗಿ ಮರಕ್ಕೆ ಗುದ್ದಿತು.

"ಅಯ್ಯ, ಗಿಡಕ್ಕ ಬಡೀತಲ್ರಿ! ನೋವಾತೇನ್ರಿ ಅದಕ್ಕ?"

"ಇಲ್ಲಾರೀ, ಹೋಗ್ರಿ ಮುಂದೆ."

ಬಿದ್ದು ಎದ್ದು ಹೊಳೆಯ ದಂಡೆ ತಲುಪಿದಳು. ಮುದುಕಿಯ ಮಾತು ಮೂಡಿತು. ಮೂರೇ ಪದ. ರೇಣು ಒಂದೊಂದೇ ಅಕ್ಷರ ಕೂಡಿಸುತ್ತ ತುಟಿಯಲ್ಲೇ ಓದಿಕೊಂಡಳು.

"ಏನಂತೆ?" ಈ ಸಲ ಕೇಳಿದ್ದು ಅವನು.

"ಸುಳ್ಳ ಹೇಳಾವ್ರನ್ನ ಕಂಡ್ರ ನನ್ನ ಮಗಳಿಗೆ ಭಾಳ ಸಿಟ್ಟು, ಅಂತಾಳ. ಆದ್ರ ಶುಕ್ರವಾರ ಆತಂದ್ರ ಆ ಹುಡುಗಿಗೆ ನಿದ್ದೀನ ಹತ್ತೂದಿಲ್ಲಂತ. ಯಾರೋ ಬರ್ತಾರಂತ ನೋಡ್ರಿ, ಮರುದಿನ." ಅವಳು ಟೀವಿಯಿಂದ ಕಣ್ಣು ತೆಗೆಯಲಿಲ್ಲ. ಕೆನ್ನೆ ಮಾತ್ರ ಎಲ್ಲವನ್ನೂ ಹೇಳುತ್ತಿತ್ತು.

"ಅಷ್ಟುದ್ದ ಇದೆಯಾ ಅಲ್ಲಿ?"

"ಇಂಗ್ಲಿಷ್ ಹಂಗ ಇರ್ತದ್ರಿ."

ಅವನ ನಗು ಅರ್ಧಕ್ಕೇ ನಿಂತಿತು. ಅವಳು ಅವನ ಕಡೆ ನೇರವಾಗಿ ತಿರುಗಿದ್ದಳು. "ಇನ್ನ ಮ್ಯಾಲ ಮುದುಕಿ ಬಾಯಿಲೆ ಹೇಳಿಸಬ್ಯಾಡ್ರಿ. ಏನ ಹೇಳೂದದ, ನೀವಽ ಹೇಳ್ರಿ."

"ನಂಗೆ ನೀವು ಇಷ್ಟ, ರೇಣು. ಮದುವೆ ಆದ್ರೆ ನಿಮ್ಮನ್ನೇ ಆಗ್ಬೇಕು ಅಂತ ಆಸೆ."

ಅವಳು ಕಂಟ್ರೋಲರನ್ನು ಕೆಳಗಿಟ್ಟಳು. "ಇದನ್ನ ಮಾಮಾನ ಮುಂದ ಹೇಳ್ತೀರೇನು?"

"ಹೇಳ್ತೀನಿ."

ಸಂಜೆ ಮಿಥುನ ಕನ್ಸೋಲನ್ನು ಮಗುವಿನಂತೆ ಎತ್ತಿಕೊಂಡು ಹೋದ. ಆಗಲೇ ಮರಳಿ ಬಂದಿದ್ದ ಚನ್ನವೀರ ಶ್ರೀನಾಥನನ್ನು ಕಂಡು ಕನಿಕರಪಟ್ಟ. "ಇಷ್ಟ ವಾರ ಟೆಸ್ಟ್ ಮಾಡಿದ್ರಿ ತಮ್ಮಾ, ಕಡೀಕ ಬ್ಯಾರೆಯವ ಒಯ್ದ ನೋಡ್ರಿ. ಈಗ ಇನ್ನೇನ ಬೇಕಾಗಿತ್ತು?"

ಶ್ರೀನಾಥ್ ಎದ್ದು ನಿಂತ. "ಸರ್, ಅದು..." ಎಂದು ಅಂಗಿಯ ಗುಂಡಿ ತಿರುವತೊಡಗಿದ.

ಮಾವನೆದುರು ಹೂಂ ಬಿಟ್ಟು ಬೇರೆ ಮಾತಾಡದ ರೇಣು ಸ್ಟೂಲನ್ನು ಎಳೆದು ಚನ್ನವೀರನ ಮುಂದಿಟ್ಟಳು.

"ನೀ ಕುಂದ್ರು ಮಾಮಾ. ಇವ್ರು ನಿನ್ನ ಒಂದ ಮಾತ ಕೇಳೋರದಾರ. ಇವ್ರು ನಡುವ ಹೆದರಿ ನಿಂತ್ರ, ಉಳಿದದ್ದ ನಾ ಕೇಳ್ತೀನಿ."